ಕಂದರದ ಹತ್ತು ಬಳೆಗಳು

ಮೊದಲೇ ಹೇಳಿಬಿಡುತ್ತೇನೆ, ರಾಗ್ನಾಳನ್ನು ನೋಡಿ ಮೊಟ್ಟಮೊದಲು ನಕ್ಕವನು ನಾನೇ. ಆಮೇಲೆ ಇಪ್ಪತ್ತು ವರ್ಷ ಅದೇ ಹೆಂಗಸಿನ ಕುಲುಮೆಯಲ್ಲಿ ತಿದಿ ಒತ್ತಿದವನೂ ನಾನೇ. ಎರಡು ಸಲ ಮದುವೆಯಾಗು ಎಂದು ಕೇಳಿದೆ. ಮೊದಲ ಸಲ "ಹೋಗೋ, ಇದ್ದಿಲು ತಗೊಂಬಾ" ಅಂದಳು. ಎರಡನೇ ಸಲ ಅಷ್ಟೂ ಹೇಳಲಿಲ್ಲ. ಸುತ್ತಿಗೆ ಕೆಳಗಿಡದೆ ನನ್ನ ಮುಖವನ್ನೇ ನೋಡುತ್ತ ನಿಂತಳು, ನಾನೇ ಎದ್ದು ಇದ್ದಿಲು ತರಲು ಹೋದೆ. ಹಾಗಾಗಿ ಅವಳ ವಿಷಯ ಹೇಳುವಾಗ ನನ್ನ ಮಾತಿನಲ್ಲಿ ಉಪ್ಪು ಖಾರ ಜಾಸ್ತಿಯಾದರೆ ಆಗಲಿ. ಸುಳ್ಳಂತೂ ಇಲ್ಲ.

ಈಗ ನದಿಗುಂಟ ರೈಲು ಬಂದಿದೆ. ಹಡಗಿನ ಕಾಲದ ಮಾತೆತ್ತಿದರೆ ಸಾಕು, ಮುದುಕರೆಲ್ಲ ಹೋಟೆಲಿನ ಜಗಲಿಯ ಮೇಲೆ ಕೂತು 'ಆಗ್ನೆಸ್' ಹಾಗಿದ್ದಳು, 'ಆಗ್ನೆಸ್' ಹೀಗಿದ್ದಳು ಎಂದು ಕೊಚ್ಚಿಕೊಳ್ಳುತ್ತಾರೆ. ಕಂದರ ದಾಟಿ ಮೇಲೆ ಹೋದ ಮೊದಲ ಹಬೆಹಡಗು ಅಲ್ಲವೇ! ಕ್ಯಾಪ್ಟನ್ ಮೆಕ್‌ಫೀಯ ಗಡ್ಡದ ಉದ್ದ ಅವರಿಗೆ ನೆನಪಿದೆ. ಅಡುಗೆಯವನ ಬೆಕ್ಕಿನ ಹೆಸರು ನೆನಪಿದೆ. ರಾಗ್ನಾಳ ಹೆಸರು ಮಾತ್ರ ಒಬ್ಬನ ಬಾಯಲ್ಲೂ ಬರುವುದಿಲ್ಲ. ಕೇಳಿದರೆ ನನಗೆ ಮೈಯೆಲ್ಲ ಉರಿಯುತ್ತದೆ. ನಾನು ಕಾನ್ ಶೀಹನ್, ಆ ಹಡಗಿನ ಒಲೆಗೆ ಸೌದೆ ತುಂಬುತ್ತಿದ್ದವನು. ನನಗಿಂತ ಚೆನ್ನಾಗಿ ಯಾರಿಗೆ ಗೊತ್ತು?

'ಆಗ್ನೆಸ್' ಕಡಲ ದಡದ ವಿಕ್ಟೋರಿಯಾ ಪಟ್ಟಣದಲ್ಲಿ ಕಟ್ಟಿದ ಹಡಗು. ಚಪ್ಪಟೆ ತಳ, ಮೊಣಕಾಲು ಮುಳುಗುವಷ್ಟು ನೀರಿದ್ದರೆ ತೇಲುತ್ತಿದ್ದಳು. ಚಕ್ರ ಪಕ್ಕದಲ್ಲಲ್ಲ, ಬೆನ್ನ ಹಿಂದೆ. ಪಕ್ಕದಲ್ಲಿದ್ದರೆ ನಮ್ಮ ನದಿಯ ಬಂಡೆಗಳು ಒಂದೇ ದಿನದಲ್ಲಿ ಅದನ್ನು ಸೌದೆ ಮಾಡಿಬಿಡುತ್ತಿದ್ದವು. ಅಷ್ಟಾದರೂ ಕಂದರದ ಮುಂದೆ ಅವಳ ಆಟ ನಡೆಯುತ್ತಿರಲಿಲ್ಲ. ಅಲ್ಲಿ ಎರಡು ಬಂಡೆಗೋಡೆಗಳ ನಡುವೆ ನದಿ ನುಗ್ಗಿ ಬರುತ್ತದೆ, ಚಕ್ರ ಎಷ್ಟೇ ತಿರುಗಲಿ ಹಡಗು ನಿಂತಲ್ಲೇ ನಿಂತು ಏದುಸಿರು ಬಿಡುತ್ತದೆ. ದಾಟಲು ಇದ್ದದ್ದು ಒಂದೇ ಉಪಾಯ. ಮುಂದೆ ಬಂಡೆಗೆ ಬಿಗಿದ ಕಬ್ಬಿಣದ ಬಳೆಗೆ ಹಗ್ಗ ಕಟ್ಟಬೇಕು, ಹಡಗಿನ ಮೂತಿಯ ಮೇಲಿನ ಹಬೆರಾಟೆ ಆ ಹಗ್ಗವನ್ನು ಸುತ್ತಿಕೊಳ್ಳುತ್ತ ಎಳೆಯಬೇಕು, ಚಕ್ರ ಹಿಂದಿನಿಂದ ತಳ್ಳಬೇಕು. ಒಂದು ಬಳೆ ಹತ್ತಿರ ಬರುವಷ್ಟರಲ್ಲಿ ಎರಡನೇ ಹಗ್ಗ ಮುಂದಿನ ಬಳೆಗೆ ಹೋಗಿರಬೇಕು. ಹೀಗೆ ಐದು ಬಳೆ ದಾಟಿದರೆ ಮೇಲೆ ಸಮನೀರು, ಅಲ್ಲಿಂದ ಫೋರ್ಕ್ಸ್ ಊರಿಗೆ ಎರಡೇ ದಿನ.

ಆ ಬಳೆಗಳನ್ನು ಕೂರಿಸಲು ಹಡಗಿನ ಕಂಪನಿಯವರು ನೇಮಿಸಿದ್ದು ರಾಗ್ನಾಳ ಗಂಡ ಈವರ್‌ನನ್ನು. ನಾರ್ವೆಯ ಕಡಲಂಚಿನ ಕಮ್ಮಾರ, ಕೈಕೆಲಸದಲ್ಲಿ ಅವನನ್ನು ಮೀರಿಸುವವರಿರಲಿಲ್ಲ. ಗಂಡ ಹೆಂಡತಿ ಕಂದರದ ಬಾಯಲ್ಲಿ ಕುಲುಮೆ ಹಾಕಿಕೊಂಡು ಒಂದೇ ಚಳಿಗಾಲ ಕಳೆದಿತ್ತು. ಫೆಬ್ರವರಿಯಲ್ಲಿ ನದಿ ಹೆಪ್ಪುಗಟ್ಟಿತ್ತು. ಈವರ್ ಆ ಮಂಜುಗಡ್ಡೆಯ ಮೇಲೆ ಏಣಿ ನಿಲ್ಲಿಸಿ ಬಂಡೆ ಕೊರೆದ. ಅವರ ಊರಿನಲ್ಲಿ ಉಬ್ಬರ ಬಂದರೆ ನೀರು ಒಂದಾಳು ಏರುತ್ತದೆ. ಇವನು ಧಾರಾಳವಾಗಿ ಎರಡಾಳು ಎತ್ತರಕ್ಕೆ ಬಳೆ ಕೂರಿಸಿ, "ಇನ್ನೇನು ಬೇಕು" ಅಂದುಕೊಂಡ. ನಮ್ಮ ನದಿ ಮೇ ತಿಂಗಳಲ್ಲಿ ಆರಾಳು ಏರುತ್ತದೆಂದು ಹೇಳಬೇಕಾದವರು ಊರಿನಲ್ಲೇ ಇರಲಿಲ್ಲ. ತಲೆಮಾರುಗಳಿಂದ ಕಂದರದಲ್ಲಿ ದೋಣಿ ನಡೆಸುವ ಜನರೆಲ್ಲ ಆ ಹೊತ್ತಿಗೆ ಕಡಲ ಕಡೆ ಎಣ್ಣೆಮೀನು ಹಿಡಿಯಲು ಹೋಗಿರುತ್ತಾರೆ, ಪ್ರತಿ ವರ್ಷದ ವಾಡಿಕೆ ಅದು. ಬಂಡೆ ನೋಡಿ ತಿಳಿಯೋಣವೆಂದರೆ ಅದರ ಮೈತುಂಬ ಮಂಜು ಮೆತ್ತಿತ್ತು. ಐದನೇ ಬಳೆ ಕೂರಿಸಿ ಮನೆಗೆ ಬಂದ ಈವರ್‌ಗೆ ಎದೆಯಲ್ಲಿ ಜ್ವರ ಕೂತಿತು. ಹತ್ತು ದಿನದಲ್ಲಿ ಹೋಗಿಬಿಟ್ಟ.

ಮೇ ಕೊನೆಯಲ್ಲಿ ನಾವು 'ಆಗ್ನೆಸ್' ಹತ್ತಿ ಕಂದರದ ಬಾಯಿಗೆ ಬಂದಾಗ ದಡದಲ್ಲಿ ಕಪ್ಪು ಬಟ್ಟೆಯ ಹೆಂಗಸೊಬ್ಬಳು ನಿಂತಿದ್ದಳು. ಕ್ಯಾಪ್ಟನ್ ಮೇಲಿನಿಂದಲೇ ಕೂಗಿದ, "ಏನಮ್ಮಾ, ಬಳೆ ಎಲ್ಲಿ?"

ಅವಳು ಬೊಬ್ಬಿಡುವ ನೀರಿನ ಕಡೆ ಬೆರಳು ತೋರಿಸಿದಳು. "ಅಲ್ಲಿ. ನಾಲ್ಕಾಳು ಕೆಳಗೆ."

"ತಮಾಷೆ ಮಾಡ್ತಿದೀಯಾ?"

"ಇಲ್ಲ. ನನ್ನ ಗಂಡ ತಪ್ಪು ಮಾಡ್ದ. ನಾನೂ ಏಣಿ ಹಿಡ್ಕೊಂಡು ಪಕ್ಕದಲ್ಲೇ ನಿಂತಿದ್ದೆ, ನನಗೂ ತಿಳೀಲಿಲ್ಲ."

ಹಡಗಿನ ತುಂಬ ನಗೆ ಎದ್ದಿತು. "ಮೀನಿಗೆ ಮೂಗುತಿ ಮಾಡ್ಸಿದಾನೆ ಮಹಾನುಭಾವ!" ಎಂದು ಜೋರಾಗಿ ಕೂಗಿದವನು ನಾನು. ಅವಳು ಒಮ್ಮೆ ನನ್ನ ಕಡೆ ನೋಡಿದಳು. ಇವತ್ತಿಗೂ ಆ ನೋಟ ನೆನೆದರೆ ನಾಚಿಕೆಯಾಗುತ್ತದೆ.

ಮೆಕ್‌ಫೀ ಹಟಮಾರಿ. ಬಳೆಯೂ ಬೇಡ ಗಿಳೆಯೂ ಬೇಡ ಎಂದು ದಡದ ದೊಡ್ಡ ಸ್ಪ್ರೂಸ್ ಮರಕ್ಕೇ ಹಗ್ಗ ಕಟ್ಟಿಸಿದ. ರಾಟೆ ಎಳೆಯಿತು, ಚಕ್ರ ತಳ್ಳಿತು, ಹಡಗು ಮೂವತ್ತು ಮಾರು ಮುಂದೆ ಹೋಯಿತು. ಆಮೇಲೆ ಮರ ಬೇರುಸಮೇತ ಕಿತ್ತುಕೊಂಡು ನಮ್ಮ ಕಡೆಗೇ ಬಂತು! ಹಡಗು ಹಿಮ್ಮುಖವಾಗಿ ಜಾರಿ ಬಂಡೆಗೆ ಬಡಿದು ಚಕ್ರದ ಒಂಬತ್ತು ಹಲಗೆಗಳು ಮುರಿದವು. ಆಗ ಯಾರೂ ನಗಲಿಲ್ಲ.

ಕಂಪನಿಯ ಅಪ್ಪಣೆ ಸ್ಪಷ್ಟವಾಗಿತ್ತು. ಹದಿನೈದು ದಿನದಲ್ಲಿ ಕಂದರ ದಾಟದಿದ್ದರೆ ಹಡಗು ವಾಪಸ್ಸು, ಬಾಯ್ಲರ್ ಬಿಚ್ಚಿ ಕಡಲ ದಡದ ಮೀನು ಕಾರ್ಖಾನೆಗೆ. ಆಮೇಲೆ ಈ ನದಿಗೆ ಹಡಗಿನ ಮಾತೇ ಇಲ್ಲ. ಮೇಲೆ ಫೋರ್ಕ್ಸ್‌ನಲ್ಲಿ ಇನ್ನೂರು ಜನ ಹಿಟ್ಟು, ಬಿತ್ತನೆಯ ಆಲೂಗಡ್ಡೆ ಕಾಯುತ್ತ ಕುಳಿತಿದ್ದರು. ಕ್ಯಾಪ್ಟನ್ ದಡದ ಮೇಲೆ ಮುಖ ಗಂಟುಹಾಕಿಕೊಂಡು ಅಡ್ಡಾಡುತ್ತಿದ್ದಾಗ ರಾಗ್ನಾ ಎದುರಿಗೆ ಹೋಗಿ ನಿಂತಳು.

"ಹಲಗೆ ರಿಪೇರಿಗೆ ಎಷ್ಟು ದಿನ ಬೇಕು?"

"ಎಂಟು ದಿನ. ಯಾಕೆ?"

"ಅಷ್ಟರಲ್ಲಿ ಮೇಲೆ ಐದು ಬಳೆ ಹಾಕ್ತೀನಿ. ಕಬ್ಬಿಣ ಕೊಡಿ."

"ನೀನು?" ಕ್ಯಾಪ್ಟನ್ ಅವಳನ್ನು ಅಡಿಯಿಂದ ಮುಡಿಯವರೆಗೆ ನೋಡಿದ. "ಇದು ರೊಟ್ಟಿ ತಟ್ಟೋ ಕೆಲಸ ಅಲ್ಲಮ್ಮ."

"ರೊಟ್ಟಿ ನನಗೆ ಸರಿಯಾಗಿ ಬರಲ್ಲ. ಸುತ್ತಿಗೆ ಬರುತ್ತೆ. ಈವರ್‌ಗೆ ಹನ್ನೊಂದು ವರ್ಷ ದೊಡ್ಡ ಸುತ್ತಿಗೆ ಹೊಡೆದವಳು ನಾನೇ. ಕೊಡ್ತೀರೋ ಇಲ್ವೋ?"

ಅವಳ ಬಲದೋಳು ಎಡದೋಳಿಗಿಂತ ಒಂದು ಸುತ್ತು ದಪ್ಪ ಎಂಬುದನ್ನು ನಾವೆಲ್ಲ ಆಗ ಗಮನಿಸಿದೆವು. ಫೋರ್ಕ್ಸ್‌ನ ಮರಗಿರಣಿಗೆ ಹೊರಟಿದ್ದ ಕಬ್ಬಿಣದ ಸರಳುಗಳು ಹಡಗಿನಲ್ಲಿದ್ದವು. ಕ್ಯಾಪ್ಟನ್ ಬೇರೆ ಕಡೆ ಮುಖ ತಿರುಗಿಸಿ ಪೈಪ್ ಹಚ್ಚಿಕೊಂಡ. ನಾನು ಸರಳು ಹೊತ್ತೆ. ಮಾಡಿದ ಪಾಪಕ್ಕೆ ಅದೇ ಪ್ರಾಯಶ್ಚಿತ್ತ ಅಂದುಕೊಂಡಿದ್ದೆ, ಅವಳು ಅಷ್ಟಕ್ಕೆ ಬಿಡಲಿಲ್ಲ. "ಮೂಗುತಿ ಮಾತಾಡಿದವನು ನೀನೇ ಅಲ್ವಾ? ಬಾ, ತಿದಿ ಒತ್ತು" ಅಂದಳು.

ಆದರೆ ಕಬ್ಬಿಣಕ್ಕೆ ಬೆಂಕಿ ತೋರಿಸುವ ಮೊದಲು ಅವಳು ಈವರ್‌ಗೆ ಸಾಧ್ಯವಾಗದ ಕೆಲಸವೊಂದನ್ನು ಮಾಡಿದಳು. ಎಣ್ಣೆಮೀನಿನ ಬೇಟೆ ಮುಗಿಸಿ ವಾಪಸ್ಸು ಬಂದಿದ್ದ ಎನೋಕ್ ಅಜ್ಜನ ಬಳಿ ಹೋದಳು. ಐವತ್ತು ವರ್ಷ ಈ ಕಂದರದಲ್ಲಿ ಸರಕಿನ ದೋಣಿ ನಡೆಸಿದವನು ಅವನು. ಹಡಗು ಬಂದರೆ ಅವನ ಹೊಟ್ಟೆಪಾಡಿಗೇ ಕುತ್ತು, ಅದು ಅವಳಿಗೂ ಗೊತ್ತಿತ್ತು. ಹಾಗಾಗಿ ಸುತ್ತು ಬಳಸಿ ಮಾತಾಡಲಿಲ್ಲ.

"ಅಜ್ಜ, ನೀರು ಎಲ್ಲಿವರೆಗೆ ಏರುತ್ತೆ ಅಂತ ನನಗೆ ತಿಳೀಬೇಕು. ಹೇಳಿದ್ರೆ ನಿಮಗೇ ನಷ್ಟ."

ಎನೋಕ್ ಅಜ್ಜ ಹೊಟ್ಟೆ ಕುಲುಕಿ ನಕ್ಕ. "ನಷ್ಟ ಏನು ಬಂತು ಮಗಳೇ? ಆ ಹಡಗಿನವರಿಗೆ ನೀರು ಓದಕ್ಕೆ ಬರಲ್ಲ. ನಾನಿಲ್ದೆ ಅವರು ಒಂದು ತಿರುವೂ ದಾಟಲ್ಲ. ಆ ಗಡ್ಡದವನಿಗೆ ಹೇಳು, ಚುಕ್ಕಾಣಿ ಪಕ್ಕದಲ್ಲಿ ನನಗೊಂದು ಕುರ್ಚಿ ಹಾಕ್ಲಿ."

ದೋಣಿಯಲ್ಲಿ ಅವಳನ್ನು ಕೂರಿಸಿಕೊಂಡು ಬಂಡೆಯ ಬುಡಕ್ಕೆ ಹೋದ. ನಾನೂ ಜೊತೆಗಿದ್ದೆ, ಹೆದರಿ ದೋಣಿಯ ಅಂಚನ್ನು ಎರಡೂ ಕೈಯಲ್ಲಿ ಹಿಡಿದುಕೊಂಡಿದ್ದೆ. ಅಜ್ಜ ಹುಟ್ಟಿನ ತುದಿಯಿಂದ ಬಂಡೆ ಮುಟ್ಟಿ ತೋರಿಸಿದ. "ನೋಡು, ಇಲ್ಲಿವರೆಗೆ ಕಲ್ಲಿನ ಮೈ ಬೋಳು. ನೀರು ಉಜ್ಜಿ ಉಜ್ಜಿ ತೊಳೆದಿದೆ. ಅದರ ಮೇಲೆ ಕರಿ ಕಲ್ಲುಹೂವು ಶುರುವಾಗುತ್ತೆ. ಕಲ್ಲುಹೂವು ಇರೋ ಕಡೆ ನದಿ ಯಾವತ್ತೂ ಹತ್ತಿಲ್ಲ." ಬಂಡೆಗೋಡೆಯ ಉದ್ದಕ್ಕೂ ಆ ಗೆರೆ ಎಳೆದಿಟ್ಟ ಹಾಗೆ ನೇರವಾಗಿತ್ತು. ರಾಗ್ನಾ ಆ ಗೆರೆಯ ಉದ್ದಕ್ಕೂ ಕಣ್ಣು ಹಾಯಿಸಿದಳು. "ಫೆಬ್ರವರಿಯಲ್ಲಿ ಇದರ ಮೇಲೆಲ್ಲ ಮಂಜು" ಎಂದಳು.

ಮೂರು ದಿನ ಕುಲುಮೆ ಆರಲಿಲ್ಲ. ಅವಳು ಬಡಿದ ಬಳೆಯೊಂದೊಂದೂ ತೊಡೆ ಸುತ್ತುವಷ್ಟು ದೊಡ್ಡದು, ಅದರ ಗೂಟ ಮೊಳದುದ್ದ. ಗೂಟದ ತುದಿ ಸೀಳಿ ಬೆಣೆ ಇಡುತ್ತಿದ್ದಳು. ತೂತಿನೊಳಗೆ ಹೊಡೆದಾಗ ಬೆಣೆ ನುಗ್ಗಿ ತುದಿ ಅಗಲವಾಗಿ ಬಂಡೆಯನ್ನು ಒಳಗಿನಿಂದ ಕಚ್ಚಿಕೊಳ್ಳುತ್ತದೆ. ಬೀನ್ಸು, ಒಣಮೀನು, ಕಾಫಿ, ಇಷ್ಟೇ ಊಟ. ನನ್ನ ಅಂಗೈಯ ಚರ್ಮ ಸುಲಿದು ಹೋಯಿತು. "ಅಯ್ಯೋ ರಾಗ್ನಕ್ಕಾ, ಒಂದ್ನಿಮಿಷ!" ಅಂದರೆ, "ಕಬ್ಬಿಣ ನಿನಗೋಸ್ಕರ ಕಾಯಲ್ಲ, ಒತ್ತು" ಎನ್ನುತ್ತಿದ್ದಳು.

ಆಮೇಲಿನ ನಾಲ್ಕು ದಿನ ಇಡೀ ದಡ ಕೆಲಸ ಬಿಟ್ಟು ಅವಳನ್ನೇ ನೋಡುತ್ತ ನಿಂತಿತು. ಬಂಡೆಯ ನೆತ್ತಿಯಿಂದ ಎರಡು ಹಗ್ಗ, ಅದಕ್ಕೊಂದು ಹಲಗೆ, ಹಲಗೆಯ ಮೇಲೆ ಅವಳು ಮತ್ತು ನಾನು. ಕೆಳಗೆ ನದಿ ಗುಡುಗುತ್ತಿತ್ತು. ನಾನು ಉಕ್ಕಿನ ಉಳಿ ಹಿಡಿದು ಒಂದೊಂದು ಪೆಟ್ಟಿಗೂ ಸ್ವಲ್ಪ ತಿರುಗಿಸಬೇಕು, ಅವಳು ಹೊಡೆಯಬೇಕು. ತೂತನ್ನು ಒಳಮುಖವಾಗಿ ಇಳಿಜಾರಾಗಿ ಕೊರೆದಳು, ಎಳೆದಷ್ಟೂ ಗೂಟ ಕಿತ್ತು ಬರಬಾರದೆಂದು. ಒಂದೇ ಒಂದು ಪೆಟ್ಟು ತಪ್ಪಿದ್ದರೆ ನನ್ನ ಮಣಿಕಟ್ಟು ಪುಡಿಪುಡಿ. ತಪ್ಪಲಿಲ್ಲ. ಮೊದಲ ದಿನ ನಾನು ಕಣ್ಣು ಮುಚ್ಚಿಕೊಂಡು ಉಳಿ ಹಿಡಿದಿದ್ದೆ. "ಕಣ್ಣು ಬಿಡೋ, ನೀನು ಹೆದರಿದ್ರೆ ಉಳಿ ನಡುಗುತ್ತೆ" ಎಂದಳು. ಎರಡನೇ ದಿನದಿಂದ ಬಿಟ್ಟೆ.

ಒಂಬತ್ತನೇ ದಿನ 'ಆಗ್ನೆಸ್' ಕಂದರಕ್ಕೆ ಮುಖ ಮಾಡಿದಳು. ಎನೋಕ್ ಅಜ್ಜನಿಗೆ ಕುರ್ಚಿ ಹಾಕಿದ್ದರು. ಅಜ್ಜನ ಮಕ್ಕಳು ದೋಣಿಯಲ್ಲಿ ಹಗ್ಗ ಒಯ್ದು ಮೊದಲ ಬಳೆಗೆ ಕಟ್ಟಿದರು. ಹಗ್ಗ ಬಿಗಿದು ಅದರಿಂದ ನೀರು ಚಿಮ್ಮಿತು. ಬಳೆ ಅಲುಗಲಿಲ್ಲ. ಎರಡನೆಯದು ದಾಟಿತು. ಮೂರನೆಯದರಲ್ಲಿ ನದಿ ಇಡೀ ಹಡಗನ್ನು ಹಿಡಿದು ನಿಲ್ಲಿಸಿಬಿಟ್ಟಿತು, ಒಂದು ಗೇಣೂ ಮುಂದಿಲ್ಲ. ಹಬೆ ಇಳಿಯುತ್ತಿತ್ತು. ಮೇಲಿನಿಂದ ಕ್ಯಾಪ್ಟನ್ ಕಿರುಚಿದ, "ಕಾನ್! ಸೌದೆ ಸಾಲ್ದು! ಹಂದಿ ಕೊಬ್ಬು ಹಾಕು!" ಫೋರ್ಕ್ಸ್‌ನ ಅಂಗಡಿಗೆ ಹೊರಟಿದ್ದ ಉಪ್ಪು ಹಾಕಿದ ಹಂದಿ ಕೊಬ್ಬಿನ ತುಂಡುಗಳನ್ನು ಒಂದೊಂದಾಗಿ ಒಲೆಗೆ ಎಸೆದೆ. ಬೆಂಕಿ ಭುಗಿಲೆದ್ದಿತು, ಚಿಮಣಿಯಿಂದ ಕಪ್ಪು ಹೊಗೆ, ಇಡೀ ಕಂದರದ ತುಂಬ ಹುರಿದ ಹಂದಿಯ ಘಮ! ಚಕ್ರ ಗಡಗಡ ತಿರುಗಿತು. ಒಂದು ಗೇಣು, ಒಂದು ಮೊಳ, ಒಂದು ಮಾರು. ಬಂಡೆಯ ಮೇಲೆ ನಿಂತಿದ್ದ ರಾಗ್ನಾ ಮೂರನೇ ಬಳೆಯ ನೆತ್ತಿಯಲ್ಲಿ ಬಗ್ಗಿ ನೋಡುತ್ತಿದ್ದಳು. ಐದನೇ ಬಳೆ ದಾಟಿ ಸಮನೀರು ಮುಟ್ಟಿದಾಗ ನಾವು ಕುಣಿದ ಕುಣಿತಕ್ಕೆ ಅಟ್ಟಣೆಯ ಹಲಗೆ ಮುರಿಯಲಿಲ್ಲ ಎಂಬುದೇ ಆಶ್ಚರ್ಯ. ಫೋರ್ಕ್ಸ್‌ನಲ್ಲಿ ಚಳಿಗಾಲವಿಡೀ ಹಸಿ ತರಕಾರಿ ಕಾಣದ ಒಬ್ಬ ಗಡ್ಡಧಾರಿ ನಾವು ತಂದ ಚೀಲದಿಂದ ಈರುಳ್ಳಿ ತೆಗೆದು ಸೇಬಿನಂತೆ ಕಚ್ಚಿ ತಿಂದ, ಕಣ್ಣಲ್ಲಿ ನೀರು ಸುರಿಸುತ್ತ.

ಅಲ್ಲಿಗೆ ಮುಗಿಯಿತು ಅಂದುಕೊಂಡೆವು. ಕಂಪನಿಯವರು ಹಾಗಂದುಕೊಳ್ಳಲಿಲ್ಲ. ಬೇಸಗೆಯ ನೀರಿನಲ್ಲಿ ಹೋದದ್ದು ಸರಿ, ಶರತ್ಕಾಲದಲ್ಲಿ ನೀರು ಇಳಿದಾಗಲೂ ಒಮ್ಮೆ ಹೋಗಿ ಫೋರ್ಕ್ಸ್‌ಗೆ ಚಳಿಗಾಲದ ದಾಸ್ತಾನು ಮುಟ್ಟಿಸಿದರೆ ಮಾತ್ರ ಹಡಗು ಈ ನದಿಯಲ್ಲಿ ಉಳಿಯುತ್ತದೆ ಎಂದು ಬರೆದು ಕಳಿಸಿದರು.

ಆಗಸ್ಟ್‌ನಲ್ಲಿ ನೀರು ಇಳಿಯತೊಡಗಿತು. ಮೆಕ್‌ಫೀ ಕುಲುಮೆಗೆ ಬಂದ.

"ರಾಗ್ನಾ, ನಿನ್ನ ಗಂಡನ ಬಳೆಗಳು ನೀರಿನ ಮೇಲ್ಮೈಗೆ ಹತ್ತಿರ ಬರ್ತಿವೆ. ಹಡಗಿನ ತಳ ಸೀಳಿದ್ರೆ ಏನು ಗತಿ? ಕತ್ತರಿಸಿ ಹಾಕು."

"ಕತ್ತರಿಸಲ್ಲ."

"ಅಲ್ಲಮ್ಮ, ತಪ್ಪು ಜಾಗದಲ್ಲಿವೆ ಅಂತ ನೀನೇ ಹೇಳ್ದೆ!"

"ಮೇ ತಿಂಗಳಿಗೆ ತಪ್ಪು. ಸೆಪ್ಟೆಂಬರ್ ನೋಡೋಣ. ನೀರು ಕೆಳಗೆ ಹೋದ ಮೇಲೆ ನನ್ನ ಬಳೆ ನಿಮ್ಮ ಚಿಮಣಿಗಿಂತ ಮೇಲಿರುತ್ತೆ. ಹಗ್ಗ ಹಡಗನ್ನ ಮುಂದಕ್ಕೆ ಎಳೆಯುತ್ತೋ ಮೂತಿ ಎತ್ತುತ್ತೋ, ನೀವೇ ಹೇಳಿ."

"ಎರಡು ತಿಂಗಳಿಂದ ಮರದ ದಿಮ್ಮಿಗಳು ಬಡೀತಾ ಇವೆ ಅದಕ್ಕೆ. ಅಲ್ಲಾಡಿಹೋಗಿರುತ್ತವೆ. ಸತ್ತವನ ಮೇಲಿನ ಮೋಹಕ್ಕೆ ನನ್ನ ಹಡಗು ಬಲಿ ಕೊಡ್ಬೇಕಾ?"

ಅವಳ ಮುಖ ಕೆಂಪಾಯಿತು. ಅವಳು ಸಿಟ್ಟಿನಿಂದ ದನಿ ಎತ್ತಿದ್ದನ್ನು ನಾನು ಕೇಳಿದ್ದು ಅದೊಂದೇ ಸಲ. "ಮೋಹ ಅಂತೀರಾ? ಹೌದು, ಮೋಹವೇ! ಆದ್ರೆ ನಾನು ಕಮ್ಮಾರಳೂ ಹೌದು. ಅವನು ಎತ್ತರ ತಪ್ಪಿದ, ಕೆಲಸ ತಪ್ಪಿಲ್ಲ. ಒಂದು ಬಳೆ ಅಲ್ಲಾಡಿದ್ರೂ ನಾನೇ ಕತ್ತರಿಸ್ತೀನಿ, ನೀವು ಹೇಳ್ಬೇಕಾಗಿಲ್ಲ!"

ಮಾರನೆಯ ದಿನವೇ ಅಜ್ಜನ ದೋಣಿಯಲ್ಲಿ ಹೋಗಿ, ನೀರಿನೊಳಗೆ ತಡಕಿ, ಒಂದೊಂದು ಬಳೆಗೂ ಉದ್ದನೆಯ ಸ್ಪ್ರೂಸ್ ಕೊಂಬೆ ಕಟ್ಟಿ ಬಂದಳು. ಕೊಂಬೆಯ ತುದಿ ನೀರಿನ ಮೇಲೆ ಅಲ್ಲಾಡುತ್ತಿತ್ತು, ಚುಕ್ಕಾಣಿಯವನು ಅದನ್ನು ನೋಡಿ ಪಕ್ಕಕ್ಕೆ ಸರಿಯುತ್ತಿದ್ದ. ಹಡಗಿನ ತಳಕ್ಕೆ ಒಂದು ಗೀರೂ ಬೀಳಲಿಲ್ಲ.

ಸೆಪ್ಟೆಂಬರ್ ಕೊನೆ. ಕಾಟನ್‌ವುಡ್ ಮರಗಳು ಹಳದಿಯಾಗಿದ್ದವು, ಬೆಟ್ಟದ ನೆತ್ತಿಗೆ ಮಂಜು ಬಿದ್ದಿತ್ತು. ಫೋರ್ಕ್ಸ್‌ನ ಇಡೀ ಚಳಿಗಾಲದ ಹಿಟ್ಟು ಹೊತ್ತು 'ಆಗ್ನೆಸ್' ಕಂದರದ ಬಾಯಲ್ಲಿ ನಿಂತಳು. ಮೆಕ್‌ಫೀ ಮೊದಲು ರಾಗ್ನಾಳ ಮೊದಲ ಬಳೆಗೇ ಹಗ್ಗ ಹಾಕಿಸಿ ನೋಡಿದ. ಅವಳು ಹೇಳಿದಂತೆಯೇ ಆಯಿತು. ಹಗ್ಗ ಆಕಾಶದ ಕಡೆ ಎಳೆಯಿತು, ಮೂತಿ ಮೇಲೆದ್ದಿತು, ಹಡಗು ವಾಲಿ ಬಂಡೆಗೆ ಮೈ ಉಜ್ಜಿತು. ಒಳಗೆ ಹಿಟ್ಟಿನ ಚೀಲಗಳು ಉರುಳಿದವು. "ಬಿಡಿ, ಬಿಡಿ ಹಗ್ಗ!" ಎಂದು ಕೂಗಿ ಹಿಂದಕ್ಕೆ ಬಂದೆವು.

ಕ್ಯಾಪ್ಟನ್ ಟೋಪಿ ತೆಗೆದು ದಡದಲ್ಲಿದ್ದ ಅವಳ ಕಡೆ ನೋಡಿದ. "ಬಾಮ್ಮಾ, ಹತ್ತು. ನಿನ್ನ ಗಂಡನ ಬಳೆ ನೀನೇ ಪರೀಕ್ಷೆ ಮಾಡು."

ಈವರ್‌ನ ಬಳೆಗಳು ಐದೂ ನೀರಿನಿಂದ ಹೊರಗೆ ಬಂದಿದ್ದವು. ಹಡಗಿನ ಮೂತಿಯ ಮೇಲೆ ನಿಂತವರ ತಲೆಯ ಮಟ್ಟಕ್ಕೆ ಸರಿಯಾಗಿದ್ದವು. ಅವಳು ದೋಣಿಯಲ್ಲಿ ಮೊದಲನೆಯದರ ಹತ್ತಿರ ಹೋಗಿ ಸುತ್ತಿಗೆಯಿಂದ ಗೂಟಕ್ಕೆ ಹೊಡೆದಳು. ಸಡಿಲವಾಗಿದ್ದರೆ ಒಡಕು ದನಿ ಬರುತ್ತದೆ. ಠಣ್ಣೆಂದಿತು. ಎರಡನೆಯದು ಠಣ್. ಮೂರನೆಯ ಬಳೆಯನ್ನು ಯಾವುದೋ ದಿಮ್ಮಿ ಬಡಿದು ಸೊಟ್ಟ ಮಾಡಿತ್ತು. ಅದಕ್ಕೆ ಒಂದಲ್ಲ, ಮೂರು ಸಲ ಹೊಡೆದಳು. ಠಣ್, ಠಣ್, ಠಣ್. ನಾಲ್ಕು, ಐದು. ವಾಪಸ್ಸು ಹಡಗು ಹತ್ತಿ, "ಎಳೀರಿ" ಎಂದಳು.

ಹಗ್ಗ ನೀರಿಗೆ ಸಮನಾಗಿ ನೇರ ನಿಂತಿತು. ಹಡಗು ಸಲೀಸಾಗಿ ಮುಂದೆ ಸರಿಯಿತು. ಒಂದೊಂದು ಬಳೆ ಪಕ್ಕಕ್ಕೆ ಬಂದಾಗಲೂ ಅವಳು ಮೂತಿಯಿಂದ ಕೈಚಾಚಿ ಅದನ್ನು ಮುಟ್ಟಿದಳು. ಸೊಟ್ಟ ಬಳೆಯ ಹತ್ತಿರ ಬಂದಾಗ ಹಗ್ಗ ಕಿರ್ರೆಂದಿತು, ಗೂಟ ಕೂದಲೆಳೆಯಷ್ಟೂ ಅಲುಗಲಿಲ್ಲ. ಆಗ ಅವಳು ಆ ಕಬ್ಬಿಣಕ್ಕೆ ಹೇಳಿದ್ದು ನನಗೆ ಒಲೆಯ ಬಾಗಿಲಿನಿಂದಲೇ ಕೇಳಿಸಿತು: "ಗಟ್ಟಿಯಾಗಿದೆ ಕಣೋ ಈವರ್. ಐದೂ ಗಟ್ಟಿಯಾಗಿವೆ." ಗಂಡ ಸತ್ತಾಗಲೂ ಯಾರೆದುರಿಗೂ ಅಳದವಳು, ಹಾಡುಹಗಲಲ್ಲಿ, ಇಡೀ ಹಡಗಿನ ಎದುರಿಗೆ, ಅತ್ತಳು, ನಕ್ಕಳು.

ಐದನೆಯದೂ ಹಿಂದೆ ಸರಿದು ಸಮನೀರು ಬಂತು. ಕ್ಯಾಪ್ಟನ್ ಅವಳನ್ನು ಮೇಲಿನ ಚುಕ್ಕಾಣಿ ಕೋಣೆಗೆ ಕರೆದು ಸಿಳ್ಳೆಯ ಹಗ್ಗವನ್ನು ಕೈಗೆ ಕೊಟ್ಟ. ನಮ್ಮ ನದಿಯಲ್ಲಿ ಅದನ್ನು ಕ್ಯಾಪ್ಟನ್ ಬಿಟ್ಟು ಬೇರೆ ಯಾರೂ ಮುಟ್ಟುವಂತಿರಲಿಲ್ಲ. ಅವಳು ಎರಡೂ ಕೈಯಲ್ಲಿ ಹಿಡಿದು, ಆ ದಪ್ಪ ಬಲದೋಳಿನ ಬಲವನ್ನೆಲ್ಲ ಹಾಕಿ ಎಳೆದಳು. ಸಿಳ್ಳೆ ಕಂದರದ ಎರಡೂ ಗೋಡೆಗೆ ಬಡಿದು, ಬೆಟ್ಟಕ್ಕೆ ಬಡಿದು, ತಿರುಗಿ ಬಂತು. ಅವಳು ಎಳೆದೇ ಇದ್ದಳು. ಹಬೆ ಅಳೆಯುವ ಮುಳ್ಳು ಸರ್ರನೆ ಇಳಿಯುವುದನ್ನು ನೋಡಿ ನಾನು ಕೆಳಗಿನಿಂದ ಗಂಟಲು ಹರಿಯುವಂತೆ ಕೂಗಿದೆ, "ರಾಗ್ನಕ್ಕಾ! ಬಿಡೇ! ನನ್ನ ಹಬೆಯೆಲ್ಲ ಖಾಲಿ ಆಯ್ತು!"

"ಸೌದೆ ಹಾಕೋ!" ಎಂದು ಮೇಲಿನಿಂದ ಕೂಗಿದಳು, ಹಗ್ಗ ಬಿಡಲಿಲ್ಲ.